ಉಸಿರಿನ ಜಾಗ

ಕಿಟಕಿಯ ಕೆಳಗೆ ಬಸ್ಸು ನಿಂತು ಬಾಗಿಲು ತೆರೆದಾಗಲೆಲ್ಲ ‘ಸ್ಸ್’ ಎಂದು ಗಾಳಿಯ ಸದ್ದು. ಅದು ಕಿವಿಗೆ ಬಿದ್ದರೆ ಸಾಕು, ಮೇಲಿನ ಮನೆಯ ಹೆಂಗಸಿನ ಬೆರಳುಗಳು ತಾವಾಗಿಯೇ ಮೇಲೇಳುತ್ತಿದ್ದವು. ತರಕಾರಿ ಹೆಚ್ಚುತ್ತಿದ್ದರೆ ಚಾಕು ಅರ್ಧದಲ್ಲೇ ನಿಲ್ಲುತ್ತಿತ್ತು. ಬಸ್ಸು ಅಷ್ಟೇ ಎಂದು ತಿಳಿದ ಮೇಲೆ ಕೈ ಮತ್ತೆ ಕೆಲಸಕ್ಕಿಳಿಯುತ್ತಿತ್ತು.

ಜೊತೆಗೆ ನುಡಿಸುವವರಿಗೆಲ್ಲ ಅವಳು ಪಿಯಾನೊ ಅಕ್ಕ. ಅವಳ ಅಣ್ಣ ಟ್ರಂಪೆಟ್ ಊದುತ್ತಿದ್ದ. ಚಿಕ್ಕಂದಿನಲ್ಲಿ ಇಬ್ಬರದೂ ಒಂದೇ ಕೋಣೆಯಲ್ಲಿ ಅಭ್ಯಾಸ. “ಇವಳಿಗೆ ಬೆರಳು ಬಂತು, ಇವನಿಗೆ ಗಾಳಿ ಬಂತು. ನನಗೆ ಬಂದಿದ್ದು ತಲೆನೋವು,” ಎನ್ನುತ್ತ ಅಮ್ಮ ಬಾಗಿಲು ಎಳೆದುಕೊಂಡು ಹೋಗುತ್ತಿದ್ದಳು.

ದೊಡ್ಡವರಾದ ಮೇಲೆ ಹೋಟೆಲಿನ ಸಭಾಂಗಣದಲ್ಲಿ ಜಾಝ್ ನುಡಿಸತೊಡಗಿದರು. ಟ್ಯೂನು ಕಟ್ಟುವವಳು ತಂಗಿ. ಬೇರೆಯವರು ಒಂದು, ಎರಡು ಎಂದು ಎಣಿಸಿ ಶುರುಮಾಡಿದರೆ ಇವರಲ್ಲಿ ಎಣಿಕೆಯೇ ಇರಲಿಲ್ಲ. ಊದುವ ಮೊದಲು ಅಣ್ಣ ಮೂಗಿನಿಂದ ಉಸಿರೆಳೆದುಕೊಳ್ಳುತ್ತಿದ್ದ. ಆ ಉಸಿರಿನ ತುದಿಗೆ ಅವಳ ಕೈ ಬೀಳುತ್ತಿತ್ತು. ಅವಳ ಪ್ರತಿಯೊಂದು ಟ್ಯೂನಿನ ನಡುವೆಯೂ ಅವನ ಉಸಿರಿಗೆಂದು ಒಂದು ಜಾಗ ಇರುತ್ತಿತ್ತು.

ಕೊನೆಗೆ ಆ ಉಸಿರು ತುಂಬಿಕೊಳ್ಳುತ್ತಿದ್ದ ಎದೆಯೇ ಅವನಿಗೆ ಕೈಕೊಟ್ಟಿತು.

ಅಣ್ಣ ಹೋದ ಮೇಲೂ ಅವಳು ಆ ಜಾಗ ಮುಚ್ಚಲಿಲ್ಲ. ಅಲ್ಲಿಗೆ ಬಂದಾಗ ಕೈಯೆತ್ತಿ ಕಾಯುತ್ತಿದ್ದಳು. ಬಲಭುಜದ ಹಿಂದೆ, ಅವನು ನಿಲ್ಲುತ್ತಿದ್ದ ಕಡೆಯಿಂದ, ಉಸಿರು ಕೇಳುತ್ತಿತ್ತು. ಕೈ ಬೀಳುತ್ತಿತ್ತು. ಯಾರೊಡನೆಯೂ ಬಾಯಿ ಬಿಡಲಿಲ್ಲ. ಹೇಳಿಕೊಂಡರೆ ಹೊರಟುಹೋದಾನೆಂಬ ಅಂಜಿಕೆ. ಅಕ್ಕ ಮುಂದಿನದನ್ನು ಮರೆತರೆಂದು ಹೊಸಬರು ಮುಖ ಮುಖ ನೋಡಿಕೊಂಡರೆ, ಡ್ರಮ್ ಬಾರಿಸುವ ಹಳೆಯ ಗೆಳೆಯ ಗದರುತ್ತಿದ್ದ: “ಸುಮ್ನಿರ್ರಯ್ಯ, ಅಕ್ಕ ಬಸ್ಸಿಗೆ ಕಾಯ್ತಿದಾರೆ.”

ಕೂದಲು ನೆರೆತ ಮೇಲೆ ಅವಳ ಟ್ಯೂನುಗಳನ್ನು ಧ್ವನಿಮುದ್ರಿಸಲು ಕರೆ ಬಂತು. ಡ್ರಮ್ಮಿನ ಹಳೆಯ ಗೆಳೆಯನೂ ಜೊತೆಗೆ ಬಂದ. ಗೋಡೆಗೆಲ್ಲ ಮೆತ್ತೆ ಹೊದಿಸಿದ ಕೋಣೆ. ಹೊರಗಿನ ಒಂದು ಸದ್ದೂ ಒಳಗೆ ಬಾರದು. ಇಲ್ಲಿಗೆ ಅಣ್ಣ ಬಂದಾನೆಯೇ? ಅವಳಿಗೆ ಅದೊಂದೇ ಚಿಂತೆ.

ನುಡಿಸಿದಳು. ಅವನು ಬಂದ. ಎಂದಿಗಿಂತ ಹತ್ತಿರ ಬಂದ.

ಅವಳು ಪಕ್ಕದ ಕೋಣೆಗೆ ಬಂದಾಗ ಧ್ವನಿಮುದ್ರಣ ಮಾಡುವವನು ಟೇಪನ್ನು ಹಿಂದಕ್ಕೋಡಿಸಿ ಹಾಕಿದ. ಆ ಜಾಗದಲ್ಲಿ ಉಸಿರು ಸ್ಪಷ್ಟವಾಗಿತ್ತು. ಅವಳು ಅವನತ್ತ ತಿರುಗಿದಳು.

“ನಿಮಗೂ ಕೇಳಿಸ್ತಾ?”

“ಪ್ರತಿ ಸಲಾನೂ ಇದೆ ಮೇಡಂ. ನೀವೇ ಮೂಗಲ್ಲಿ ಉಸಿರೆಳ್ಕೋತೀರ. ನಿಮ್ಮ ಮುಂದಿನ ಮೈಕಲ್ಲಿ ಬಿದ್ದಿದೆ. ಅಳಿಸಿಬಿಡ್ತೀನಿ ಬಿಡಿ.”

“ನನ್ನ ಹಿಂದೊಂದು ಮೈಕ್ ಇತ್ತಲ್ಲ. ಅದನ್ನ ಹಾಕಿ.”

ಹಾಕಿದ. ಆ ಜಾಗದಲ್ಲಿ ಏನೂ ಇರಲಿಲ್ಲ.

ಅವಳು ಒಳಗೆ ಹೋಗಿ ಮತ್ತೆ ಪಿಯಾನೊ ಮುಂದೆ ಕುಳಿತಳು. ಜಾಗ ಬಂದಾಗ ಕೈಯೆತ್ತಿ, ತನ್ನ ಉಸಿರನ್ನು ಬಿಗಿಹಿಡಿದಳು. ಕಾದಳು. ಬಲಭುಜದ ಹಿಂದೆ ಬರೀ ಕೋಣೆ. ಬೆರಳುಗಳು ಗಾಳಿಯಲ್ಲಿ ನಿಂತೇ ಇದ್ದವು. ಎದೆ ಬಿರಿಯುವಂತಾಗಿ ಕೊನೆಗೆ ಅವಳು ಉಸಿರೆಳೆದುಕೊಂಡಾಗ ಕೇಳಿದ್ದು ಅಣ್ಣನದೇ ಉಸಿರು. ಅದೇ ಮೊನೆ, ಅದೇ ಅವಸರ. ಕೈ ತಾನಾಗಿ ಬಿತ್ತು.

ಡ್ರಮ್ಮಿನವನು ಕೋಲುಗಳನ್ನು ಮಡಿಲಲ್ಲಿಟ್ಟುಕೊಂಡು ತಲೆ ತಗ್ಗಿಸಿದ.

ಅವಳು ಎದ್ದು ಕೋಟು ತೋಳಿಗೆ ಹಾಕಿಕೊಂಡು ಬಾಗಿಲಿನತ್ತ ನಡೆದಳು.

“ಅಳಿಸ್ಬೇಡಿ,” ಎಂದಳು, ತಿರುಗಿ ನೋಡದೆ. “ಮೂಗು ನಂದೇ ಇರಬಹುದು. ಆದ್ರೆ ಆ ಉಸಿರನ್ನ ಅವನು ಹೋಗೋವಾಗ ನನ್ನ ಹತ್ರ ಬಿಟ್ಟುಹೋದ.”

ಮೆತ್ತೆಯ ಬಾಗಿಲು ಅವಳ ಹಿಂದೆ ಮುಚ್ಚಿಕೊಂಡಿತು.