ಕಾನೂನಿಗೆ ಅಂಟು ಹಚ್ಚುವ ಗೋಂದಕ್ಕ

ಬಿಸಿಲು ಇನ್ನೂ ಕಿಟಕಿಯ ಸರಳು ದಾಟಿಲ್ಲ. ಗ್ರಂಥಾಲಯದ ಹಿಂಬದಿಯ ಕೋಣೆಯಲ್ಲಿ ಗೋಂದಕ್ಕ ಮೈದಾ ಅಂಟಿನ ಬಟ್ಟಲಿಗೆ ಬ್ರಷ್ಷು ಅದ್ದಿ, ಎರಡು ಬೆರಳಗಲದ ಚೀಟಿಯ ಮೇಲಂಚಿಗೆ ಮಾತ್ರ ತೆಳ್ಳಗೆ ಎಳೆಯುತ್ತಾರೆ. ಶಾಸನಸಭೆ ಕಾನೂನೊಂದನ್ನು ತಿದ್ದಿದಾಗಲೆಲ್ಲ ಹೊಸ ಮಾತು ಹೀಗೆ ಚೀಟಿಯಾಗಿ ಅಚ್ಚಾಗಿ ಬರುತ್ತದೆ. ಅದನ್ನು ಕಪಾಟಿನ ಪುಸ್ತಕಗಳಲ್ಲಿ ಹಳೆಯ ಮಾತಿನ ಮೇಲೆ ಅಂಟಿಸುವುದು ಅವರ ಕೆಲಸ. "ಅವರು ಅಲ್ಲಿ ಜಗಳ ಆಡಿ ಮುಗಿಸ್ತಾರೆ, ನಾನಿಲ್ಲಿ ಅಂಟಿಸಿ ಮುಗಿಸ್ತೀನಿ. ನನ್ನ ಕೆಲಸವೇ ಸ್ವಲ್ಪ ನೀಟು," ಎನ್ನುತ್ತಾರೆ.

ಇಲ್ಲಿಗೆ ಬಂದದ್ದು ಕಸ ಗುಡಿಸಲು. ಹಿಂದೆ ಅಂಟಿಸುತ್ತಿದ್ದವರು ಒಂದು ದಿನ ಬ್ರಷ್ಷು ಬಿಸಾಡಿ ಹೋದಾಗ, ಪೊರಕೆ ಗೋಡೆಗೆ ಒರಗಿಸಿ ಇವರು ಬ್ರಷ್ಷು ಎತ್ತಿಕೊಂಡರು. ಅಧಿವೇಶನ ಮುಗಿದ ವಾರ ದಿನಕ್ಕೆ ಇನ್ನೂರು ಚೀಟಿಯಾದರೂ ಬರುತ್ತದೆ. ಚುನಾವಣೆಯ ತಿಂಗಳಲ್ಲಿ ಒಂದೂ ಇಲ್ಲ. ಅಂಟು ಕುದಿಯುವುದು ಮನೆಯ ಒಲೆಯ ಮೇಲೆ. ಒಮ್ಮೆ ಗಂಡ ಅದನ್ನೇ ಬೆಳಗಿನ ತಿಂಡಿಯೆಂದುಕೊಂಡು ಅರ್ಧ ಬಟ್ಟಲು ಖಾಲಿ ಮಾಡಿದ್ದರು. "ಉಪ್ಪು ಕಡಿಮೆ ಅಂದರು. ಆಮೇಲೆ ಮಧ್ಯಾಹ್ನದವರೆಗೂ ಮಾತಿಲ್ಲ. ಅಷ್ಟು ನೆಮ್ಮದಿ ನಾನು ಮದುವೆಯಾದ ಮೇಲೆ ಕಂಡಿರಲಿಲ್ಲ."

ಮೇಲಂಚಿಗೆ ಮಾತ್ರ ಅಂಟು ಏಕೆ? ಚೀಟಿ ಎತ್ತಿದರೆ ಕೆಳಗಿನ ಹಳೆಯ ಕಾನೂನು ಕಾಣಬೇಕು. "ಹೋದ ವರ್ಷದ ತಪ್ಪಿಗೆ ಹೋದ ವರ್ಷದ ಕಾನೂನೇ ಅಂತೆ. ವಕೀಲರು ಎತ್ತಿ ನೋಡ್ತಾರೆ. ಹಳೇದನ್ನ ಮುಚ್ಚಬಹುದು, ಉಸಿರು ಕಟ್ಟಿಸಬಾರದು."

ಗ್ರಂಥಪಾಲಕಿಗೆ ಈ ವಾದ ಹಿಡಿಸದು. ಫ್ಯಾನು ತಿರುಗಿದರೆ ಪುಸ್ತಕಗಳೆಲ್ಲ ಪಟಪಟ ಎನ್ನುತ್ತವೆ ಎಂಬುದು ಅವರ ತಕರಾರು. ಸಾಲದ್ದಕ್ಕೆ ಹೋದ ತಿಂಗಳು ಮನೆತೆರಿಗೆಯ ಚೀಟಿಯೊಂದು ತಪ್ಪಿ, 'ಮುಖವಾಡಗಳ ಸಾಂಸ್ಕೃತಿಕ ಇತಿಹಾಸ' ಎಂಬ ಪುಸ್ತಕದೊಳಗೆ ಹೋಗಿ ಕುಳಿತಿತು. ಕುಣಿತಗಾರನು ಮುಖವಾಡ ಧರಿಸಿದ ಕೂಡಲೇ ಮೂವತ್ತು ದಿನದೊಳಗೆ ತೆರಿಗೆ ಕಟ್ಟತಕ್ಕದ್ದು ಎಂದಾಯಿತು. ಸಂಶೋಧಕರೊಬ್ಬರು ಅದನ್ನು ನಂಬಿ ಪ್ರಬಂಧಕ್ಕೂ ಇಳಿಸಿದರು. "ಇನ್ನೊಂದು ತಪ್ಪಾದರೆ ಈ ಕೆಲಸ ಹೊರಗಿನ ಬೈಂಡಿಂಗಿನವರಿಗೆ. ನೀವು ಮತ್ತೆ ಪೊರಕೆ," ಎಂದು ಗ್ರಂಥಪಾಲಕಿ ಹೇಳಿಬಿಟ್ಟಿದ್ದಾರೆ.

ಇಂದು ಬಂದಿರುವುದು ಐದು ಪ್ರತಿಗೆ ಐದೇ ಚೀಟಿ. ನಾಲ್ಕು ಅಂಟಿಯಾಗಿದೆ. ಐದನೆಯದಕ್ಕೆ ಅಂಟು ಹಚ್ಚಿ ಓದುವ ಕೋಣೆಯ ಮೇಜಿನ ಮೇಲಿಟ್ಟು, ಕೈ ಒರೆಸಲು ಬಟ್ಟೆ ತರುವಷ್ಟರಲ್ಲಿ ಅದು ಅಲ್ಲಿಲ್ಲ.

ಗೋಂದಕ್ಕ ಮೇಜಿನಡಿ ತೂರುತ್ತಾರೆ. ಸೆರಗು ಕೊಡವುತ್ತಾರೆ. ಕಾನೂನನ್ನು ತಾವೇ ತುಳಿದಿರಬಹುದೆಂದು ಚಪ್ಪಲಿಯ ಅಡಿಯನ್ನೂ ಮಗುಚಿ ನೋಡುತ್ತಾರೆ. ಗ್ರಂಥಪಾಲಕಿ ಬರುವ ಹೊತ್ತು. ಮೂಲೆಯಲ್ಲಿ ಒರಗಿಸಿಟ್ಟ ಪೊರಕೆ ಅವರನ್ನೇ ನೋಡುತ್ತಿದೆ.

ಕಟ್ಟಡದಲ್ಲಿರುವ ಮತ್ತೊಬ್ಬರು ಮಾಜಿ. ಎಂದೋ ಒಂದೇ ಒಂದು ಸಲ ಗೆದ್ದು ಶಾಸಕರಾಗಿದ್ದವರು. ಹೆಸರು ಹೋಗಿ ಬಿರುದಷ್ಟೇ ಉಳಿದಿದೆ. ಮನೆಯಲ್ಲಿ ಸೊಸೆ ಪೇಪರು ಮೊದಲು ಓದಲು ಬಿಡುವುದಿಲ್ಲವೆಂದು ಬಾಗಿಲು ತೆರೆಯುವ ಮುನ್ನವೇ ಬರುತ್ತಾರೆ, ಗೋಂದಕ್ಕ ಹಿಂಬಾಗಿಲಿನಿಂದ ಒಳಗೆ ಬಿಡುತ್ತಾರೆ. ನಿಯಮದ ಪ್ರಕಾರ ಅದೂ ತಪ್ಪೇ. ಕಂಡಾಗಲೆಲ್ಲ ಮಾಜಿ ಮತ ಕೇಳುವವರಂತೆ ಕೈ ಬೀಸುತ್ತಾರೆ. ಇಂದು ಬೀಸಿಲ್ಲ. ಬೆಂಚಿಗೆ ಬೆನ್ನು ತಾಗಿಸದೆ, ಬಲಗೈ ಮುಷ್ಟಿ ಮಾಡಿ, ಪೇಪರಿನ ಒಂದೇ ಪುಟವನ್ನು ದಿಟ್ಟಿಸುತ್ತಿದ್ದಾರೆ.

"ಕೈ ತೋರಿಸಿ ಮಾವ," ಎನ್ನುತ್ತಾರೆ ಗೋಂದಕ್ಕ.

"ಯಾಕಮ್ಮ, ಭವಿಷ್ಯ ಹೇಳ್ತೀಯಾ?"

"ಹೂಂ. ನಿಮ್ಮದಲ್ಲ, ನನ್ನದು."

ಮುಷ್ಟಿ ಬಿಚ್ಚುತ್ತದೆ. ಅಂಗೈಗೆ ಚೀಟಿ ಕಚ್ಚಿಕೊಂಡಿದೆ. ಕಚೇರಿಗಳಲ್ಲಿ ಕಾಯುವ ಜನರಿಗೆ 'ಒರಗುಳ್ಳ ಬೆಂಚು' ಎಂದಿರುವಲ್ಲಿ, ಇನ್ನು ಮುಂದೆ 'ಸೂಕ್ತ ಆಸನ ವ್ಯವಸ್ಥೆ' ಎಂದು ಓದಿಕೊಳ್ಳತಕ್ಕದ್ದು.

"ಆ ಒರಗು ಅನ್ನೋ ಮಾತು ನಂದು," ಎನ್ನುತ್ತಾರೆ ಮಾಜಿ, ಮೆಲ್ಲಗೆ. "ಐದು ವರ್ಷದಲ್ಲಿ ಒಂದೇ ಸಲ ಬಾಯಿ ಬಿಟ್ಟೆ. ಕಾಯೋರಿಗೂ ಬೆನ್ನಿರುತ್ತೆ ಸ್ವಾಮಿ ಅಂದೆ. ಸಭೆಯೆಲ್ಲ ನಕ್ಕಿತು. ನಗ್ತಾನೇ ಪಾಸು ಮಾಡಿದರು. ಈಗ ಸೂಕ್ತ ಆಸನವಂತೆ. ನಾಳೆ ಒಂದು ಇಟ್ಟಿಗೆ ಇಟ್ಟು ಕೂತ್ಕೋ ಅಂದರೂ ನಡೆಯುತ್ತೆ. ಒಂದು ಪುಸ್ತಕದಲ್ಲಾದರೂ ಇರಲಿ ಅಂತ..."

"ಅದಕ್ಕೆ ನನ್ನ ಕೈಗೆ ಪೊರಕೆ ಕೊಡಿಸ್ತೀರಾ?"

ಮಾಜಿ ಕೈ ಚಾಚುತ್ತಾರೆ. ಮುಂಬಾಗಿಲಿನಲ್ಲಿ ಬೀಗದ ಸದ್ದು. ಗೋಂದಕ್ಕ ಒದ್ದೆ ಬಟ್ಟೆಯೊತ್ತಿ ಅಂಚಿನಿಂದ ಚೀಟಿ ಬಿಡಿಸುತ್ತಾರೆ, ಹೊಸ ಅಂಟು ಎಳೆಯುತ್ತಾರೆ, ಪುಸ್ತಕದ ಪುಟಕ್ಕೆ ಒತ್ತುತ್ತಾರೆ. ಬಳಿಕ ಮಾಜಿಯ ತೋರುಬೆರಳನ್ನು ಹಿಡಿದು, ಚೀಟಿಯ ಕೆಳಗಂಚಿಗೆ ತಾಗಿಸುತ್ತಾರೆ.

"ಎತ್ತಿ ನೋಡಿ."

ಮಾಜಿ ಎತ್ತುತ್ತಾರೆ. ಕೆಳಗೆ ಒರಗುಳ್ಳ ಬೆಂಚು, ಒಂದಕ್ಷರವೂ ಮಾಸದೆ ಹಾಗೇ ಇದೆ. ಇಳಿಸುತ್ತಾರೆ. ಮತ್ತೊಮ್ಮೆ ಎತ್ತುತ್ತಾರೆ.

"ಸಾಕು, ಕಿತ್ತು ಬಂದೀತು," ಎನ್ನುತ್ತಾರೆ ಗೋಂದಕ್ಕ.

ಒಳಬಂದ ಗ್ರಂಥಪಾಲಕಿ ಐದೂ ಪ್ರತಿ ತಿರುವಿ ನೋಡುತ್ತಾರೆ. ಐದನೆಯದರ ಮೇಲೆ ಅವರ ಕಣ್ಣು ನಿಲ್ಲುತ್ತದೆ. "ಇದೇನು, ಚೀಟಿ ಮೇಲೆ ಬೆರಳಿನ ಗುರುತು? ಯಾರದ್ದು?"

"ಕಾನೂನು ಮಾಡಿದವರದ್ದಿರಬೇಕು ಮೇಡಂ."

ಗ್ರಂಥಪಾಲಕಿ ನಗುವುದಿಲ್ಲ, ಆದರೆ ಪುಸ್ತಕ ಕಪಾಟಿಗೆ ಹೋಗುತ್ತದೆ. "ಬೈಂಡಿಂಗಿನವರ ಮಾತು ಸದ್ಯಕ್ಕೆ ಬೇಡ. ಆದರೆ ನಾಳೆಯಿಂದ ನಾಲ್ಕೂ ಕಡೆ ಅಂಟಿಸಿ," ಎಂದು ಹೇಳಿ ಫ್ಯಾನು ಹಾಕುತ್ತಾರೆ. ಪುಟಗಳು ಪಟಪಟ ಎನ್ನುತ್ತವೆ. ಮಾಜಿ ಬೆಂಚಿಗೆ ಪೂರ್ತಿ ಒರಗಿ ಕುಳಿತು, ಅಂಟಂಟು ಕೈಯನ್ನೇ ಬೀಸುತ್ತಾರೆ.

ಗೋಂದಕ್ಕ ಬಟ್ಟಲು ತೊಳೆಯುತ್ತಾ ತಮ್ಮ ಆಸೆ ಹೇಳಿಕೊಳ್ಳುತ್ತಾರೆ. ದೊಡ್ಡದೇನಲ್ಲ. "ನಾಲ್ಕು ಬೇಡ, ಮೂರು ಕಡೆ ಅಂಟಿಸ್ತೀನಿ ಅಂತ ಮೇಡಮ್ಮನ್ನ ಒಪ್ಪಿಸಬೇಕು. ಒಂದು ಕಡೆ ಬಿಟ್ಟರೆ ಸಾಕು. ಕೆಳಗಿರೋರಿಗೂ ಗಾಳಿ ಬೇಕಲ್ಲ."