ತಂಗಿಯ ಬಿಳಿಯುಡುಪು

ಪರದೇಶದ ಈ ಮಾಲ್ಮೋ ಊರಿನಲ್ಲಿರುವ ನಮ್ಮ ಜನ ನನ್ನ ದೊಡ್ಡಮ್ಮನನ್ನು ಮದುವೆಗಳಿಗೆ ತಪ್ಪದೆ ಕರೆಯುತ್ತಿದ್ದರು. ಆದರೆ ಅವಳ ಪಕ್ಕದ ಕುರ್ಚಿಯಲ್ಲಿ ಯಾರೂ ಕೂರುತ್ತಿರಲಿಲ್ಲ. "ಉಮ್ ಸಿನಾನ್ ಬಂದ್ಳು, ಯಾರೂ ಕೆಮ್ಮಬೇಡ್ರಪ್ಪ" ಎಂದು ಗಂಡಸರು ಅವಳನ್ನು ಮಗನ ಹೆಸರಿನಲ್ಲಿ, ಸಿನಾನನ ತಾಯಿಯೆಂದು ಕರೆದು ಕಿಸಿಯುತ್ತಿದ್ದರು. ಅವಳೇನು ಸುಮ್ಮನಿರುವವಳೇ? "ನೀನು ಎಷ್ಟು ಬೇಕಾದ್ರೂ ಕೆಮ್ಮು, ನಾನು ಬರೋದು ಹೆಂಗಸರಿಗೆ ಮಾತ್ರ. ಎಲ್ಲಿ ನಿನ್ನ ಹೆಂಡತಿ, ಹುಷಾರಾಗಿದಾಳಾ?" ಎಂದು ಕೇಳಿ ಬಾಯಿ ಮುಚ್ಚಿಸುತ್ತಿದ್ದಳು.

ಅವಳು ಮಾಡುತ್ತಿದ್ದ ಕೆಲಸವೇ ಅಂಥದ್ದು. ನಾವು ಮಂದಾಯಿಗಳು, ಇರಾಕಿನ ನದಿ ದಂಡೆಯ ಜನ. ನಮ್ಮವರು ಪ್ರಾಣ ಬಿಡುವಾಗ ಮೈಮೇಲೆ ಬಿಳಿಯುಡುಪು ಇರಲೇಬೇಕು. ಹೊಳೆಯ ನೀರಿನಲ್ಲಿ ಮೈ ತೊಳೆದು, ಇನ್ನೂ ಉಸಿರಾಡುತ್ತಿರುವಾಗಲೇ ಉಡಿಸಬೇಕು. ಆಮೇಲೆ ಉಡಿಸಿದರೆ ಲೆಕ್ಕಕ್ಕಿಲ್ಲ, ಆ ಜೀವ ದಾರಿಯಲ್ಲೇ ನಿಲ್ಲುತ್ತದೆ. ವಾರ ಮೊದಲೇ ಉಡಿಸಿ ಕೂರಿಸೋಣವೆಂದರೆ ರೋಗಿ ಅದನ್ನು ನೋಡಿಯೇ ಅರ್ಧ ಸಾಯುತ್ತಾನೆ. ಹಾಗಾಗಿ ಗಳಿಗೆ ಗೊತ್ತಿರುವವರೊಬ್ಬರು ಬೇಕು. ನಮ್ಮಲ್ಲಿ ಹೆಂಗಸರ ಪಾಲಿಗೆ ಆ ಒಬ್ಬರು ದೊಡ್ಡಮ್ಮ.

ಇರಾಕಿನ ಅಮಾರಾದಲ್ಲಿ ಅವಳ ಗಂಡ ಬೆಳ್ಳಿ ಕೆಲಸದವನು. ಒಬ್ಬನೇ ಮಗ ಸಿನಾನ್ ಇಪ್ಪತ್ತರ ಹರೆಯದಲ್ಲಿ ಬಸ್ರಾದ ಹತ್ತಿರ ಯುದ್ಧದಲ್ಲಿ ಸತ್ತ, ಸೇನೆಯ ಸಮವಸ್ತ್ರದಲ್ಲೇ. ಇಲ್ಲಿಗೆ ಬಂದ ಮೇಲೆ ಅವಳು ಶಾಲೆಯೊಂದರ ಅಡುಗೆಮನೆಯಲ್ಲಿ ಆಲೂಗೆಡ್ಡೆ ಸುಲಿದಳು, ಉಳಿದ ಹೊತ್ತಿನಲ್ಲಿ ಸಾಯುವವರ ಮಗ್ಗುಲಲ್ಲಿ ಕೂತಳು. ಪಾದದ ಬಣ್ಣ, ಉಗುರು, ಮೂಗಿನ ತುದಿ ನೋಡಿ ಗಳಿಗೆ ಹೇಳುತ್ತಿದ್ದಳು. ಆಸ್ಪತ್ರೆಯ ದಾದಿ ಗುನ್ನೆಲ್ ಎಷ್ಟೋ ಸಲ ವೈದ್ಯರಿಗಿಂತ ಮೊದಲು ಇವಳಿಗೆ ಫೋನು ಮಾಡಿದ್ದುಂಟು. ಒಂದು ನೀಲಿ ಬ್ಯಾಗಿನಲ್ಲಿ ಉಡುಪು, ನಡುವಿಗೆ ಕಟ್ಟುವ ಉಣ್ಣೆಯ ದಾರ, ಎರಡು ಕ್ಯಾನು ಹೊಳೆ ನೀರು. ಚಳಿಗಾಲದಲ್ಲಿ ಸುತ್ತಿಗೆಯಿಂದ ಮಂಜುಗಡ್ಡೆ ಒಡೆದು ಆ ನೀರು ತರುತ್ತಿದ್ದಳು. ಹತ್ತೊಂಬತ್ತು ವರ್ಷದಲ್ಲಿ ಒಬ್ಬಳನ್ನೂ ಅವಳು ಉಡುಪಿಲ್ಲದೆ ಕಳಿಸಿರಲಿಲ್ಲ. ಅದು ಅವಳಿಗೆ ದೊಡ್ಡ ಹೆಮ್ಮೆ, ಸ್ವಲ್ಪ ಜಂಬವೂ ಹೌದು.

ಹೀಗಿರುವಾಗ ಅವಳ ತಂಗಿ, ಅಂದರೆ ನನ್ನ ಅಮ್ಮ ಸುಹೈಲಾ, ಫೆಬ್ರವರಿಯಲ್ಲಿ ಆಸ್ಪತ್ರೆ ಸೇರಿದಳು. ಪಿತ್ತಕೋಶದಲ್ಲಿ ಹುಟ್ಟಿದ ಗಡ್ಡೆ ಎಲ್ಲ ಕಡೆ ಹರಡಿತ್ತು. ಎರಡು ಮೂರು ವಾರ ಇರಬಹುದು ಎಂದರು ವೈದ್ಯರು. ಆ ಮೂರು ವಾರವನ್ನು ನಾನು ಮುಷ್ಟಿಯಲ್ಲಿ ಬಿಗಿಹಿಡಿದುಕೊಂಡೆ. ಒಂದು ದಿನ ಕಡಿಮೆ ಎಂದವರ ಮೇಲೆ ಉರಿದುಬೀಳುತ್ತಿದ್ದೆ.

ನಾಲ್ಕನೆಯ ದಿನ ಮಧ್ಯಾಹ್ನ ದೊಡ್ಡಮ್ಮನನ್ನು ನನ್ನ ಕಾರಿನಲ್ಲೇ ಕರೆತಂದೆ. ಇಳಿದವಳು ಹಿಂದಿನ ಸೀಟಿನಿಂದ ನೀಲಿ ಬ್ಯಾಗನ್ನು ಎಳೆದುಕೊಳ್ಳುತ್ತಿದ್ದಳು. ನಾನು ಬಾಗಿಲಿಗೆ ಅಡ್ಡ ನಿಂತೆ.

"ಅದು ಒಳಗೆ ಬರೋದು ಬೇಡ ದೊಡ್ಡಮ್ಮ. ಅಮ್ಮ ಅದನ್ನ ನೋಡಿದ್ರೆ ಇವತ್ತೇ ಹೋಗ್ಬಿಡ್ತಾಳೆ."

"ಮಂಚದ ಕೆಳಗೆ ಇಡ್ತೀನಿ ಕಣೆ. ಯಾರಿಗೂ ಕಾಣಲ್ಲ."

"ಬೇಡ ಅಂದ್ರೆ ಬೇಡ. ತಂಗೀನ ನೋಡೋಕೆ ಬಂದಿದೀಯ ತಾನೆ? ಅಕ್ಕ ಆಗಿ ಬಾ."

ಆ ಮಾತು ಅವಳಿಗೆ ಚುಚ್ಚಿತು. ಬ್ಯಾಗನ್ನು ಅಲ್ಲೇ ಬಿಟ್ಟಳು. ನಾನು ಕಾರಿಗೆ ಬೀಗ ಹಾಕಿ ಕೀಲಿಯನ್ನು ಜೇಬಿಗಿಳಿಸಿದೆ.

ಅಮ್ಮ ದಿಂಬಿಗೆ ಒರಗಿದ್ದಳು. ಅಕ್ಕನ ಮುಖ ನೋಡಿದಳು, ಆಮೇಲೆ ಕೈ ನೋಡಿದಳು.

"ಅಕ್ಕ, ಬರಿಗೈಲಿ ಬಂದ್ಯಾ?"

"ಹಣ್ಣು ತರೋದು ಮರ್ತಿದಾಳೆ ಬಿಡಮ್ಮ" ಎಂದು ನಾನು ನಕ್ಕೆ. ಅಮ್ಮ ನನ್ನನ್ನು ಒಂದು ಕ್ಷಣ ನೋಡಿ ಗೋಡೆಯ ಕಡೆ ತಿರುಗಿದಳು. ಅವಳು ಏನನ್ನು ಹುಡುಕಿದಳೆಂದು ನನಗೆ ಆಗಲೇ ಗೊತ್ತಾಗಬೇಕಿತ್ತು. ಗೊತ್ತಾಗಿತ್ತೋ ಏನೋ, ಈಗ ಯೋಚಿಸಿದರೆ ಹೆದರಿಕೆಯಾಗುತ್ತದೆ.

ದೊಡ್ಡಮ್ಮ ಹೊದಿಕೆಯ ತುದಿ ಎತ್ತಿ ಪಾದ ಮುಟ್ಟಿದಳು. ಮತ್ತೆ ಮುಚ್ಚಿ, ನನ್ನ ತೋಳು ಹಿಡಿದು ಹೊರಗೆ ಎಳೆದುಕೊಂಡು ಹೋದಳು.

"ಮೈಸೂನ್, ಇವತ್ತೇ. ಸಂಜೆ ತನಕಾನೂ ಇರಲ್ಲ. ಕೀಲಿ ಕೊಡು."

"ಡಾಕ್ಟರು ಮೂರು ವಾರ ಅಂದಿದಾರೆ."

"ಡಾಕ್ಟರು ಅವಳ ಕಾಲು ಮುಟ್ಟಿದಾರಾ? ಕೀಲಿ ಕೊಡು ಮಗಳೇ, ನಿನ್ನ ಕಾಲಿಗೆ ಬೀಳ್ತೀನಿ."

"ನಿನ್ನ ಕಣ್ಣಿಗೆ ಎಲ್ಲರೂ ಹೆಣಾನೇ! ಸ್ವಂತ ತಂಗೀನೂ ಬಿಡಲ್ವಾ ನೀನು?"

ಹೀಗೆ ಅಂದುಬಿಟ್ಟೆ. ಅವಳು ಒಳಗೆ ಹೋಗಿ ತಂಗಿಯ ಪಕ್ಕ ಕೂತು ಕೂದಲು ನೇವರಿಸತೊಡಗಿದಳು. ನಾಲ್ಕು ಗಂಟೆಯ ಹೊತ್ತಿಗೆ ಅಮ್ಮನ ಉಸಿರಾಟದ ಸದ್ದು ಬೇರೆಯಾಯಿತು. ಆಗ ನಾನು ಓಡಿದೆ. ಲಿಫ್ಟಿಗೂ ಕಾಯದೆ ಐದು ಮಹಡಿ ಇಳಿದು, ನೀರಿನ ಕ್ಯಾನುಗಳಿದ್ದ ಆ ಭಾರದ ಬ್ಯಾಗನ್ನು ಹೊತ್ತು ಏದುಸಿರು ಬಿಡುತ್ತಾ ಮೇಲೆ ಬಂದೆ. ಗುನ್ನೆಲ್ ಬಾಗಿಲ ಬಳಿ ನಿಂತಿದ್ದಳು. ಅಮ್ಮ ಆಸ್ಪತ್ರೆಯ ಚುಕ್ಕಿ ಚುಕ್ಕಿ ಅಂಗಿಯಲ್ಲೇ ಹೋಗಿದ್ದಳು.

ಮೂರನೆಯ ದಿನದ ಊಟಕ್ಕೆ ನಮ್ಮ ಜನ ಸೇರಿದರು. ಅನ್ನ, ಮೀನು, ದಾಳಿಂಬೆ ಎಲ್ಲ ಬಡಿಸಿತ್ತು, ಬಾಯಿಗಳು ಮಾತ್ರ ಬೇರೆ ಕೆಲಸದಲ್ಲಿದ್ದವು. "ಊರೋರಿಗೆಲ್ಲ ಉಡಿಸಿದ್ಳು, ಒಡಹುಟ್ಟಿದೋಳಿಗೆ ಮರ್ತಳಂತೆ" ಎಂದಳು ಒಬ್ಬಳು, ಕೇಳಿಸಲಿ ಎಂದೇ. ದೊಡ್ಡಮ್ಮ ರೊಟ್ಟಿ ಮುರಿಯುತ್ತಾ "ಹೌದು, ಬ್ಯಾಗ್ ಮರ್ತೆ. ವಯಸ್ಸಾಯ್ತು" ಎಂದಳು. ನಾನು ಕೈಯಲ್ಲಿ ಟೀ ಲೋಟ ಹಿಡಿದು ನಿಂತಿದ್ದೆ, ಬಾಯಿ ಬಿಡಲಿಲ್ಲ. ಅಡುಗೆಮನೆಯಲ್ಲಿ ಅವಳ ಕೈ ಹಿಡಿದುಕೊಂಡಾಗ "ಬಾಯ್ಮುಚ್ಕೊಂಡಿರು. ನೀನಿನ್ನೂ ಇವರ ಮಧ್ಯೆ ಬದುಕಬೇಕು" ಎಂದು ಗದರಿದಳು. ಅವತ್ತಿನಿಂದ ಯಾವ ಮನೆಯವರೂ ಸಾಯುವವರ ಮಗ್ಗುಲಿಗೆ ಅವಳನ್ನು ಕರೆಯಲಿಲ್ಲ.

ಉಡುಪಿಲ್ಲದೆ ಹೋದವರಿಗೆ ನಮ್ಮಲ್ಲಿ ಒಂದು ವಿಧಿಯಿದೆ. ಹೆಚ್ಚುಕಡಿಮೆ ಸತ್ತವರ ವಯಸ್ಸಿನವರೇ ಯಾರಾದರೂ ಹೊಳೆಯಲ್ಲಿ ಮುಳುಗಿ, ಸತ್ತವರ ಹೆಸರಿನಲ್ಲಿ ಆ ಉಡುಪು ಉಡಬೇಕು. ಹಾಗೆ ಉಟ್ಟವರು ಬಹಳ ದಿನ ಬಾಳುವುದಿಲ್ಲವೆಂದು ನಮ್ಮ ಹೆಂಗಸರು ಹೆದರುತ್ತಾರೆ. ಸಿನಾನನಿಗಾಗಿ ಅಮಾರಾದ ಯಾವ ತಾಯಿಯೂ ತನ್ನ ಮಗನನ್ನು ಕಳಿಸಿರಲಿಲ್ಲ. ಇಲ್ಲಿ ನಮ್ಮ ಗುರುಗಳು ಅಮ್ಮನಿಗಾಗಿ ಆರು ಹೆಂಗಸರನ್ನು ಕೇಳಿದರು. ಒಬ್ಬಳಿಗೆ ಮಂಡಿನೋವು, ಒಬ್ಬಳಿಗೆ ಸಕ್ಕರೆ ಕಾಯಿಲೆ, ಒಬ್ಬಳು ಫೋನನ್ನೇ ಎತ್ತಲಿಲ್ಲ. ಏಳನೆಯವಳನ್ನು ಕೇಳುವ ಮೊದಲೇ ದೊಡ್ಡಮ್ಮ "ನಾನಿದೀನಲ್ಲ" ಎಂದಳು. ಅವಳಿಗೆ ಎಪ್ಪತ್ತು ವರ್ಷ, ಎದೆಯಲ್ಲಿ ಎರಡು ಸ್ಟೆಂಟು.

ಮಾರ್ಚಿನ ಮೊದಲ ಭಾನುವಾರ. ಹೊಳೆಯ ಅಂಚಿನಲ್ಲಿ ಇನ್ನೂ ಮಂಜುಗಡ್ಡೆಯ ಚೂರುಗಳಿದ್ದವು. ಗುರುಗಳು ಅವಳನ್ನು ಮೂರು ಸಲ ಮುಳುಗಿಸಿ ಎಬ್ಬಿಸಿದರು, ಪ್ರತಿ ಸಲವೂ ಅಮ್ಮನ ಹೆಸರು ಹೇಳಿದರು. ವಿಧಿ ಮುಗಿಯುವ ತನಕ ಅವಳು ಮಾತಾಡುವಂತಿರಲಿಲ್ಲ. ಅಮ್ಮನಿಗೆಂದು ಹೊಲಿಸಿದ್ದ ಉಡುಪು ಅವಳಿಗೆ ಗಿಡ್ಡವಾಗಿ, ಕಣಕಾಲುಗಳು ನೀಲಿಗಟ್ಟಿ ಕಾಣುತ್ತಿದ್ದವು. ತಲೆವಸ್ತ್ರದೊಳಗೆ ಅರ್ಧ ಮುಚ್ಚಿದ ಆ ಮುಖ ಥೇಟ್ ಅಮ್ಮನದೇ. ನಡುವಿನ ದಾರ ಸರಿಮಾಡುವ ನೆಪದಲ್ಲಿ ಬಗ್ಗಿದೆ, ತಡೆಯಲಾಗಲಿಲ್ಲ.

"ಅಮ್ಮಾ, ಬ್ಯಾಗ್ ಬೇಡ ಅಂದೋಳು ನಾನೇ. ಕೀಲಿ ನನ್ನ ಜೇಬಲ್ಲೇ ಇತ್ತು. ನನ್ನ ಕ್ಷಮಿಸ್ತೀಯಾ?"

ಅವಳ ರೆಪ್ಪೆಗಳು ಅಲುಗಿದವು, ತುಟಿ ಅಲುಗಲಿಲ್ಲ.

ವಾಪಸು ಬರುವಾಗ ಕಾರಿನ ಹೀಟರನ್ನು ಪೂರ್ತಿ ಹಾಕಿದ್ದರೂ ಅವಳ ಹಲ್ಲು ಕಟಕಟ ಎನ್ನುತ್ತಿತ್ತು. ಎರಡು ಕಂಬಳಿ ಹೊದಿಸಿದ್ದೆ. ಸಿಗ್ನಲ್ ಒಂದರಲ್ಲಿ ನಿಂತಾಗ ಧೈರ್ಯ ಮಾಡಿ ಕೇಳಿದೆ.

"ದೊಡ್ಡಮ್ಮ, ನಾನಲ್ಲಿ ಹೇಳಿದ್ದು ಕೇಳಿಸ್ತಾ?"

"ಕೇಳಿಸ್ತು."

"ಮತ್ತೆ? ಏನಾದ್ರೂ ಹೇಳು. ಬಯ್ಯಿ ಬೇಕಾದ್ರೆ."

ದೀಪ ಹಸಿರಾಯಿತು. ಹಿಂದಿನವನು ಹಾರ್ನ್ ಹೊಡೆದ. ಅವಳು ಕಂಬಳಿಯೊಳಗಿಂದ ಕೈ ತೆಗೆದು ನನ್ನ ಕೆನ್ನೆ ಒರೆಸಿದಳು.

"ನೀನು ಕೇಳಿದ್ದು ಅವಳನ್ನ. ನಾನು ಅವಳ ಬಟ್ಟೆ ಮಾತ್ರ ಹಾಕ್ಕೊಂಡಿದ್ದೆ ಕಣೆ."