ಸ್ಲ್ಯಾಬ್ ಹಾಕಿದ ದಿನದ ಊಟ

ಮೂವತ್ತು ವರ್ಷದ ಹಿಂದ ಗೋವಾದ ಫೋಂಡಾ ಹತ್ರ ಆಸ್ಟ್ರೇಲಿಯಾದ ಮುದುಕರೊಬ್ಬರ ಮನಿ ಕಟ್ಟುವಾಗ ನಾನು ಮೇಸ್ತ್ರಿ. ಸ್ಲ್ಯಾಬ್ ಹಾಕಿದ ದಿನ ಎಲ್ಲರಿಗೂ ಮಟನ್ ಊಟ. ಮಾಲಕರು ಮೊದಲು ಉಣಬೇಕು ಅನ್ನೋದು ನಮ್ಮ ಪದ್ಧತಿ. ಅವರು ತಾಟಿಗೆ ಬಡಸಾಕ ಬಿಡಲಿಲ್ಲ.

"ಮೊದಲು ನೀವು ಉಣ್ರಿ" ಅಂದ್ರು, ಮುರುಕು ಹಿಂದಿಯೊಳಗ. "ಯುದ್ಧದಾಗ ನಾವು ಜಪಾನಿಯರ ಸೆರಿಯೊಳಗ ಇದ್ದಾಗ ನಮ್ಮ ಜೋಡಿ ಸೆರಿಯಾಗಿದ್ದ ಬ್ರಿಟಿಷ್ ಕ್ಯಾಪ್ಟನ್ ಎಲ್ಲರದೂ ಆದಮ್ಯಾಲೆ ಉಣ್ಣತಿದ್ರು. ಭಾಳ ಸಲ ಏನೂ ಉಳೀತಿರಲಿಲ್ಲ. ನಾವು ಮನಿ ಮುಟ್ಟಿದ್ವಿ, ಅವರು ಮುಟ್ಟಲಿಲ್ಲ."

ಆದರೂ ಮಾಲಕರನ್ನ ಬಿಟ್ಟು ಯಾರೂ ಉಣ್ಣಾಕ ಕೂಡವಲ್ರು. ಅನ್ನ ಆರಾಕತ್ತಿತ್ತು. ಅಡಿಗಿ ಮಾಡಿದ್ದ ನನ್ನ ಹೆಂಡತಿ ಮಲ್ಲವ್ವ ಅವರ ಕೈಯಾಗ ಸೌಟು ಕೊಟ್ಟಳು: "ಹಂಗಾರ ನೀವ ಬಡಸ್ರಿ, ಅಜ್ಜಾರ."

ನಕ್ಕೋತ ಎಲ್ಲರಿಗೂ ಬಡಿಸಿದರು. ಕಡೀಕ ಭಾಂಡೆ ಖಾಲಿ. ಅವರ ಪಾಲು ಮೊದಲ ತಗದು ಮುಚ್ಚಿಟ್ಟಿದ್ದ ಬಟ್ಟಲು ಮಲ್ಲವ್ವ ತಂದು ಅವರ ಮುಂದ ಇಟ್ಟಳು.

ಅವತ್ತಿನಿಂದ ನಾನೂ ಕಡೀಕ ಉಣ್ಣತೇನಿ. ಅದೇನು ದೊಡ್ಡಸ್ತನ ಅಲ್ಲ, ನನ್ನ ಪಾಲು ಮಲ್ಲವ್ವ ಮುಚ್ಚಿಟ್ಟಿರತಾಳ. ಆ ಕ್ಯಾಪ್ಟನ್ನಿಗೆ ಮುಚ್ಚಿಡೋರು ಇರಲಿಲ್ಲ.